ಮೂವತ್ತೆರಡು ಬೇರೆ, ಮೂವತ್ತಮೂರು ಬೇರೆ

ಮಿಸೌರಿ ಸಿಟಿ
25 ಮಾರ್ಚ್ 2025

ಶ್ರೀಶೈಲ್‌ಗೆ ಆಶೀರ್ವಾದಗಳು.

ಇದನ್ನು ಓದಿ ಫೋನ್ ಮಾಡಬೇಡ. ಫೋನಿನಲ್ಲಿ ನೀನು ‘ಹೌದ್ರಿ ಮೇಡಂ, ಹೌದ್ರಿ’ ಅಂತ ಹದಿನೈದು ಸಲ ಅಂದು ಇಟ್ಟುಬಿಡುತ್ತೀಯ. ಇಟ್ಟ ಮೇಲೆ ನನಗೆ ನೆನಪಾಗುತ್ತದೆ, ನೀನು ಏನೂ ಹೇಳಲೇ ಇಲ್ಲ ಅಂತ. ಧಾರವಾಡದಲ್ಲಿ ನನ್ನ ಬಿ.ಎ. ಕ್ಲಾಸಿನಲ್ಲಿ ಕೂರುತ್ತಿದ್ದಾಗಲೂ ನೀನು ಹಾಗೇ ಇದ್ದೆ. ಅದಕ್ಕೇ ಬರೆಯುತ್ತಿದ್ದೇನೆ. ನೀನೂ ಬರೆದೇ ಉತ್ತರ ಕೊಡು.

ಹೋದ ಶನಿವಾರ ಇಲ್ಲೇ ಪಕ್ಕದ ಹ್ಯೂಸ್ಟನ್‌ನಲ್ಲಿ ಹೈಸ್ಕೂಲ್ ಮಕ್ಕಳ ಅರ್ಥಶಾಸ್ತ್ರ ಸ್ಪರ್ಧೆ ಇತ್ತು. ನಿಧಿ ಅಂತ ಒಬ್ಬ ಹುಡುಗಿಗೆ ಪಾಠ ಹೇಳುತ್ತೇನೆ ಅಂದಿದ್ದೆನಲ್ಲ, ಸ್ಟಾಫರ್ಡ್‌ನಲ್ಲಿ ಟೈಲ್ಸ್ ಅಂಗಡಿ ಇಟ್ಟಿರುವ ವಿಜಯಪುರದ ಮಹಾಂತಪ್ಪನವರ ಮಗಳು, ಆಕೆಯೂ ಕೂತಿದ್ದಳು. ಎರಡು ವರ್ಷದಿಂದ ಮಂಗಳವಾರ, ಭಾನುವಾರ ತಪ್ಪದೆ ನನ್ನ ಊಟದ ಟೇಬಲ್ಲಿಗೆ ಬಂದು ಕೂತು ಓದಿದ ಹುಡುಗಿ. ನಮ್ಮ ವಲಯದ ಮೊದಲ ಇಬ್ಬರು ಆಸ್ಟಿನ್‌ನಲ್ಲಿ ನಡೆಯುವ ರಾಜ್ಯ ಫೈನಲ್‌ಗೆ ಹೋಗುತ್ತಾರೆ. ನಿಧಿ ಮೂರನೆಯವಳಾದಳು. ಒಂದೇ ಒಂದು ಪ್ರಶ್ನೆಯಲ್ಲಿ.

ಆ ಪ್ರಶ್ನೆ ಇದು: ‘1932ರ ಗ್ಲಾಸ್–ಸ್ಟೀಗಲ್ ಕಾಯ್ದೆ ಏನು ಮಾಡಿತು?’ ಎ: ಜನರ ಠೇವಣಿ ಇಟ್ಟುಕೊಳ್ಳುವ ಬ್ಯಾಂಕುಗಳನ್ನೂ ಷೇರು-ಬಾಂಡು ವ್ಯವಹಾರದ ಬ್ಯಾಂಕುಗಳನ್ನೂ ಬೇರೆ ಮಾಡಿತು. ಬಿ: ಬ್ಯಾಂಕುಗಳನ್ನು ಸರಕಾರದ ಒಡೆತನಕ್ಕೆ ತಂದಿತು. ಸಿ: ಕೇಂದ್ರ ಬ್ಯಾಂಕು ಸಂಕಟದಲ್ಲಿರುವ ಬ್ಯಾಂಕುಗಳಿಗೆ ನೆರವಾಗುವ ಅವಕಾಶ ಹಿಗ್ಗಿಸಿ, ನೋಟಿನ ಬೆನ್ನಿಗೆ ಆಧಾರವಾಗಿ ಸರಕಾರಿ ಬಾಂಡುಗಳನ್ನೂ ಇಡಲು ಬಿಟ್ಟಿತು. ಡಿ ಏನೋ ಒಂದು.

ನಿಧಿ ಸಿ ಬರೆದಳು. ಸರಿಯಾದ ಉತ್ತರ ಅದೇ. ಅವರ ಉತ್ತರಪಟ್ಟಿಯಲ್ಲಿ ಎ ಅಂತ ಇತ್ತು.

ಹುಡುಗಿ ಸುಮ್ಮನೆ ಬರಲಿಲ್ಲ. ಎದ್ದು ನಿಂತು ಜಡ್ಜ್‌ಗೆ ಹೇಳಿದ್ದಾಳೆ, ನೀವು ಹೇಳುತ್ತಿರುವುದು 1933ರ ಕಾಯ್ದೆ, ಪ್ರಶ್ನೆ ಇರುವುದು 1932ರದ್ದು ಅಂತ. ಅವನು ಕೇಳಿದನಂತೆ, ‘ಯಾರು ಕಲಿಸಿದ್ದು?’ ಆಕೆ ಹೇಳಿದಳು, ಇಂಡಿಯಾದಲ್ಲಿ ಲೆಕ್ಚರರ್ ಆಗಿದ್ದವರು ಅಂತ. ಅದಕ್ಕೆ ಅವನು, ‘ಅಲ್ಲಿ ಬೇರೆ ಥರ ಕಲಿಸುತ್ತಾರೇನೋ’ ಅಂದನಂತೆ. ಹಾಲ್‌ನಲ್ಲಿ ನಾಲ್ಕು ಜನ ನಕ್ಕರಂತೆ.

ಶ್ರೀಶೈಲ್, ಕಾಯ್ದೆ ಅಮೆರಿಕದ್ದು. ಅದನ್ನು ಮಾಡಿದ್ದು ಅಮೆರಿಕದ ಸಂಸತ್ತು. ನಾನು ಇದೇ ಊರಿನ ಕಮ್ಯುನಿಟಿ ಕಾಲೇಜಿನಲ್ಲಿ ಹದಿನೇಳು ವರ್ಷ ಇದೇ ಪಾಠ ಹೇಳಿದವಳು. ಧಾರವಾಡದಲ್ಲಿ 1932 ಬೇರೆ, ಟೆಕ್ಸಸ್‌ನಲ್ಲಿ ಬೇರೆ ಇರುತ್ತದೇನು?

ನೀನು ನಿಮ್ಮ ಲೂಯಿಸ್‌ವಿಲ್ ಪಕ್ಕದ ಡಾಲಸ್‌ನಲ್ಲಿ ಇಂಥದೇ ಶಾಲಾ ಪರೀಕ್ಷೆಗಳ ಕಂಪನಿಯಲ್ಲಿ ಇದ್ದೀಯ. ಈ ಪ್ರಶ್ನೆಗಳನ್ನು ಯಾರು ತಯಾರಿಸುತ್ತಾರೆ, ಯಾರಿಗೆ ಬರೆದರೆ ಕೆಲಸ ಆಗುತ್ತದೆ, ಇಷ್ಟು ಪತ್ತೆ ಮಾಡಿ ಹೇಳು. ನಿಧಿ ಈಗ ಸ್ಕೂಲಿನ ಪರೀಕ್ಷೆ ಅಂತ ಪಾಠಕ್ಕೆ ಬರುತ್ತಿಲ್ಲ. ನನಗೆ ಪುರಸೊತ್ತಿದೆ, ಸಿಟ್ಟೂ ಇದೆ.

ಕೃಷ್ಣವೇಣಿ

*

ಲೂಯಿಸ್‌ವಿಲ್
2 ಏಪ್ರಿಲ್ 2025

ಪೂಜ್ಯ ಮೇಡಂ ಅವರಿಗೆ ನಮಸ್ಕಾರಗಳು.

ನಿಮ್ಮ ಅಕ್ಷರ ನೋಡಿ ಖುಷಿಯಾಯಿತು, ಓದಿ ಬೇಜಾರಾಯಿತು. ಲಕೋಟೆ ನೋಡಿ ಇಲ್ಲಿ ಎಲ್ಲರಿಗೂ ಆಶ್ಚರ್ಯ, ಈಗಲೂ ಯಾರಾದರೂ ಕೈಯಲ್ಲಿ ಬರೆಯುತ್ತಾರಾ ಅಂತ.

ನೀವು ಕೇಳಿದ್ದಕ್ಕೆ ನನಗೆ ಗೊತ್ತಿರುವಷ್ಟು ಹೇಳುತ್ತೇನೆ. ಇಂಥ ಸ್ಪರ್ಧೆಗಳಿಗೆ ಪ್ರಶ್ನೆಗಳು ಬೇರೆ ಬೇರೆ ಕಂಪನಿಗಳಿಂದ ಬರುತ್ತವೆ. ಒಂದೊಂದು ಪ್ರಶ್ನೆಯನ್ನು ನಾಲ್ಕಾರು ಜನ ನೋಡಿರುತ್ತಾರೆ. ಇಂಥವರೇ ಬರೆದರು ಅಂತ ಬೊಟ್ಟು ಮಾಡುವುದು ಕಷ್ಟ. ಫಲಿತಾಂಶ ಒಮ್ಮೆ ಹಚ್ಚಿದ ಮೇಲೆ ಆಸ್ಟಿನ್‌ನವರು ಬದಲಿಸಿದ್ದನ್ನು ನಾನಂತೂ ಕಂಡಿಲ್ಲ.

ಇನ್ನೊಂದು ಮಾತು, ಸಿಟ್ಟು ಮಾಡಿಕೊಳ್ಳಬೇಡ್ರಿ. ಆ ಎರಡೂ ಕಾಯ್ದೆಗಳನ್ನು ತಂದವರು ಗ್ಲಾಸ್, ಸ್ಟೀಗಲ್ ಅನ್ನುವ ಅದೇ ಇಬ್ಬರು ಸಂಸದರು. ಜನ ಎರಡಕ್ಕೂ ಗ್ಲಾಸ್–ಸ್ಟೀಗಲ್ ಅಂತಲೇ ಅನ್ನುತ್ತಾರೆ. ಪತ್ರಿಕೆಗಳಲ್ಲಿ, ಟೀವಿಯಲ್ಲಿ, ಎಲ್ಲಿ ಆ ಹೆಸರು ಬಂದರೂ ಬ್ಯಾಂಕುಗಳನ್ನು ಬೇರೆ ಮಾಡಿದ್ದು ಎನ್ನುವ ಅರ್ಥದಲ್ಲೇ ಬರುತ್ತದೆ. ಬರೆದವರು ಆ ರೂಢಿಯನ್ನು ಹಿಡಿದು ಬರೆದಿರಬಹುದು. ಇದು ಇಸವಿಯ ಸಣ್ಣ ಎಡವಟ್ಟು. ಹುಡುಗಿ ಜಾಣೆ, ಬರುವ ವರ್ಷ ಗೆಲ್ಲುತ್ತಾಳೆ. ಒಂದು ಮಾರ್ಕಿನ ಸಲುವಾಗಿ ನೀವು ಈ ವಯಸ್ಸಿನಲ್ಲಿ ಬಿ.ಪಿ. ಏರಿಸಿಕೊಳ್ಳಬಾರದು.

ಬ್ಲೂಬಾನೆಟ್ ಹೂ ಅರಳಿದೆ. ಸ್ವಲ್ಪ ದಿನ ಇಲ್ಲಿಗೆ ಬರ್ರಿ. ಸರೋವರದ ಕಡೆ ಅಡ್ಡಾಡಿಕೊಂಡು ಬರೋಣ.

ನಿಮ್ಮ
ಶ್ರೀಶೈಲ್ ಬೆಳವಡಿ

*

ಮಿಸೌರಿ ಸಿಟಿ
7 ಏಪ್ರಿಲ್ 2025

ಶ್ರೀಶೈಲ್,

ಹೂ ನಮ್ಮ ಕಡೆಯೂ ಅರಳಿದೆ. ನಾನು ಕೇಳಿದ್ದು ಹೂವಿನ ಸಮಾಚಾರ ಅಲ್ಲ.

‘ರೂಢಿ’ ಅನ್ನುವ ಶಬ್ದ ಓದಿ ನನ್ನ ಮೈ ಉರಿಯಿತು. ಬರಿಯ ‘ಗ್ಲಾಸ್–ಸ್ಟೀಗಲ್’ ಅಂತ ಕೇಳಿದ್ದರೆ ರೂಢಿ ಅನ್ನು, ಒಪ್ಪುತ್ತೇನೆ. ಪ್ರಶ್ನೆಯಲ್ಲಿ ಇಸವಿ ಬರೆದಿದ್ದಾರೆ. ಇಸವಿ ಬರೆದು ಕೇಳಿದ ಮೇಲೆ ಇಸವಿಗೆ ಉತ್ತರ ಕೊಡಬೇಕು. ನೀನು ಮರೆತಿದ್ದರೆ ಮತ್ತೊಮ್ಮೆ ಹೇಳುತ್ತೇನೆ, ಕೂತು ಓದು.

ಫೆಬ್ರುವರಿ 27, 1932. ದೇಶದ ತುಂಬ ಬ್ಯಾಂಕುಗಳು ಮುಳುಗುತ್ತಿವೆ. ಜನ ಹೆದರಿ ನೋಟು, ಚಿನ್ನ ಮನೆಯಲ್ಲಿ ಬಚ್ಚಿಟ್ಟುಕೊಳ್ಳುತ್ತಿದ್ದಾರೆ. ಕೇಂದ್ರ ಬ್ಯಾಂಕಿನ ಕೈ ಕಟ್ಟಿಹೋಗಿದೆ. ಆ ಕಟ್ಟು ಸಡಿಲಿಸಲು ಅವಸರದಲ್ಲಿ ಒಂದು ಕಾಯ್ದೆ ತಂದರು, ಅದೂ ಆಗ ತಾತ್ಕಾಲಿಕ ಅಂತ. ಅದು ಬ್ಯಾಂಕುಗಳನ್ನು ಬೇರೆ ಮಾಡಲಿಲ್ಲ. ಠೇವಣಿಗೆ ವಿಮೆ ಕೊಡಲಿಲ್ಲ.

ಜೂನ್ 16, 1933. ಹೆಚ್ಚುಕಡಿಮೆ ಹದಿನಾರು ತಿಂಗಳ ಮೇಲೆ, ಹೊಸ ಸರಕಾರ. ಅದರ ಹೆಸರು ಬ್ಯಾಂಕಿಂಗ್ ಕಾಯ್ದೆ. ಜನರ ಉಳಿತಾಯ ಇಟ್ಟುಕೊಂಡವನು ಷೇರಿನ ಜೂಜಿಗೆ ಕೈ ಹಾಕಬಾರದು ಅಂತ ಗೋಡೆ ಕಟ್ಟಿದ್ದು ಅದು. ಠೇವಣಿ ವಿಮೆ ತಂದದ್ದೂ ಅದೇ. ಅದರೊಳಗಿನ ನಾಲ್ಕು ಕಲಮುಗಳಿಗೆ ಜನ ಆ ಇಬ್ಬರ ಹೆಸರಿಟ್ಟು ಕರೆದರು, ಅಷ್ಟೆ. 1999ರಲ್ಲಿ ಕೆಡವಿದ್ದು ಆ ನಾಲ್ಕರಲ್ಲಿ ಎರಡನ್ನು. 1932ರದ್ದನ್ನಲ್ಲ.

ನಮ್ಮ ಕಡೆ ಅಜ್ಜನ ಹೆಸರನ್ನು ಎಲ್ಲ ಮೊಮ್ಮಕ್ಕಳಿಗೂ ಇಡುತ್ತಾರಲ್ಲ, ಹಾಗೆ ಒಂದೇ ಮನೆಯಲ್ಲಿ ದೊಡ್ಡ ಈರಣ್ಣ, ಸಣ್ಣ ಈರಣ್ಣ ಇರುತ್ತಾರೆ. ಲಗ್ನ ಗೊತ್ತಾಗಿದ್ದು ಸಣ್ಣ ಈರಣ್ಣನಿಗೆ, ಬಾಸಿಂಗ ಕಟ್ಟಿದ್ದು ದೊಡ್ಡವನಿಗೆ, ಕೇಳಿದರೆ ‘ಇಬ್ಬರೂ ಈರಣ್ಣನೇ, ರೂಢಿ’ ಅಂದರೆ ಆ ಹುಡುಗಿಯ ಕಡೆಯವರು ಸುಮ್ಮನಿರುತ್ತಾರೇನು? ಹೆಸರು ಒಂದೇ ಆದಾಗಲೇ ಹೆಚ್ಚು ಜಾಗ್ರತೆ ಬೇಕು.

ಈಗ ನಿನಗೆ ಹೇಳದೇ ಇದ್ದದ್ದನ್ನು ಹೇಳುತ್ತೇನೆ. ನಿಧಿಗೆ ಯಾವ ಪರೀಕ್ಷೆಯೂ ಇಲ್ಲ. ಸ್ಪರ್ಧೆಯ ಮರುದಿನ ಭಾನುವಾರ ಎಂದಿನಂತೆ ಬಾಗಿಲು ತೆರೆದೆ. ಬಂದವರು ಮಹಾಂತಪ್ಪನವರು ಒಬ್ಬರೇ. ಚಪ್ಪಲಿ ಬಿಡಲಿಲ್ಲ. ‘ಮೇಡಂರಿ, ತಪ್ಪ ತಿಳೀಬ್ಯಾಡ್ರಿ. ನೀವು ಹಳೇ ಪುಸ್ತಕ ಓದಿಸೀರಿ ಅನಸ್ತದ. ಇಲ್ಲೀದು ಬ್ಯಾರೆ ಇರ್ತದ. ಇನ್ನ ಮ್ಯಾಲೆ ಆಕಿಗೆ ಆನ್‌ಲೈನ್ ಕೋಚಿಂಗ್ ಹಚ್ಚೀವ್ರಿ’ ಅಂದರು. ನಾನು ಎರಡೂ ಕಾಯ್ದೆಗಳ ಪ್ರತಿ ತೋರಿಸುತ್ತೇನೆ, ಒಳಗೆ ಬನ್ನಿ ಅಂದೆ. ‘ಇರಲಿ ಬಿಡ್ರಿ’ ಅಂದು ಹೋದರು. ನಿಧಿ ಕಾರಿನಲ್ಲೇ ಕೂತಿದ್ದಳು. ನನ್ನ ಕಡೆ ನೋಡಲಿಲ್ಲ. ಅಂದಿನಿಂದ ಬಂದಿಲ್ಲ.

ಆ ಹಾಲ್‌ನಲ್ಲಿ ನನ್ನ ಪರವಾಗಿ ಎದ್ದು ನಿಂತ ಹುಡುಗಿ ಅದು. ಈಗ ಆಕೆಯೂ, ಮೇಡಂ ತಪ್ಪು ಕಲಿಸಿದರು ಅಂದುಕೊಂಡಿದ್ದಾಳೆ. ಇದು ನಿನ್ನ ಒಂದು ಮಾರ್ಕು.

ಆಸ್ಟಿನ್‌ನ ಸಮಿತಿಗೆ ದೂರು ಬರೆದೆ. 17ನೇ ತಾರೀಕು ಬೆಳಿಗ್ಗೆ ಹತ್ತಕ್ಕೆ ವಿಚಾರಣೆಗೆ ಕರೆದಿದ್ದಾರೆ. ನಿನ್ನಿಂದ ಒಂದೇ ಉಪಕಾರ ಬೇಕು. ಪ್ರಶ್ನೆ ತಯಾರಿಸುವ ವೃತ್ತಿಯಲ್ಲಿ ಇರುವವನಾಗಿ ಒಂದು ಸಾಲು ಬರೆದು ಸಹಿ ಮಾಡಿ ಕಳಿಸು: 1932ರದ್ದು ಬೇರೆ, 1933ರದ್ದು ಬೇರೆ, ಈ ಉತ್ತರಪಟ್ಟಿ ತಪ್ಪು. ನೌಕರಿಗೆ ತೊಂದರೆ ಆಗಬಹುದು ಅಂತ ನೀನು ಹಿಂಜರಿಯುತ್ತಿರುವುದು ನನಗೆ ತಿಳಿಯುತ್ತದೆ. ಕಂಪನಿಯ ಹೆಸರು ಹಾಕಬೇಡ. ನಿನ್ನ ಹೆಸರು ಸಾಕು.

ಕೃಷ್ಣವೇಣಿ

*

ಲೂಯಿಸ್‌ವಿಲ್
14 ಏಪ್ರಿಲ್ 2025

ಪೂಜ್ಯ ಮೇಡಂ,

ನಿಮ್ಮ ಪತ್ರ ಬಂದು ನಾಲ್ಕು ದಿನವಾಯಿತು. ನಾಲ್ಕು ಸಲ ಬರೆಯಲು ಕೂತು ಹರಿದು ಹಾಕಿದೆ.

ನೀವು ಕೇಳಿದ ಒಂದು ಸಾಲು ನಾನು ಕೊಡಲಾರೆ. ನೌಕರಿಯ ಹೆದರಿಕೆಯಿಂದಲ್ಲ. ಆ ಪ್ರಶ್ನೆ ಬರೆದವನೇ ನಾನು.

ಮೂರು ವರ್ಷದ ಹಿಂದೆ ನಮ್ಮ ಕಂಪನಿಗೆ ಆ ಸ್ಪರ್ಧೆಯ ಕೆಲಸ ಸಿಕ್ಕಿತು. ಇನ್ನೂರು ಪ್ರಶ್ನೆ, ಹತ್ತು ದಿನ. ಒಂದು ಹಳೆಯ ಪ್ರಶ್ನೆಗಳ ಕಟ್ಟು ಎದುರಿಗೆ ಇಟ್ಟುಕೊಂಡು ತಿದ್ದಿ ತಿದ್ದಿ ಬರೆಯುತ್ತಾ ಹೋದೆ. ಅದರಲ್ಲಿ ಬರಿಯ ಗ್ಲಾಸ್–ಸ್ಟೀಗಲ್ ಅಂತ ಇತ್ತು. ಪ್ರಶ್ನೆ ಖಚಿತವಾಗಿ ಕಾಣಲಿ ಅಂತ ಇಸವಿ ಸೇರಿಸಿದವನು ನಾನು. ಮನಸ್ಸಿಗೆ ಬಂದ ಇಸವಿ 1932. ತಪ್ಪು ಆಯ್ಕೆಗಳು ಬೇಕಿದ್ದವು, ಎಲ್ಲೋ ಓದಿದ್ದ ಬಾಂಡಿನ ಮಾತನ್ನು ಸಿ ಅಂತ ಹಾಕಿದೆ. ಅದೇ ಸರಿಯಾದ ಉತ್ತರ ಆಗಿಬಿಡುತ್ತದೆ ಅಂತ ನನಗೆ ಗೊತ್ತಿರಲಿಲ್ಲ. ನಿಮ್ಮ ಮೊದಲ ಪತ್ರ ಓದಿದಾಗಲೇ ಗೊತ್ತಾಗಿದ್ದು.

ಆಗಲೇ ಹೇಳಬೇಕಿತ್ತು. ಒಂದು ಮಾರ್ಕಿನ ವಿಷಯ, ನೀವು ನಾಲ್ಕು ದಿನ ಸಿಟ್ಟಾಗಿ ಸುಮ್ಮನಾಗುತ್ತೀರಿ ಅಂದುಕೊಂಡೆ. ಆ ಹುಡುಗಿ ಪಾಠ ಬಿಟ್ಟಿದ್ದು ನನಗೆ ತಿಳಿದಿರಲಿಲ್ಲ. ನಿಮ್ಮ ಮನೆಯ ಬಾಗಿಲಲ್ಲಿ ನಿಂತು ಒಬ್ಬರು ನಿಮಗೆ ಹಾಗೆ ಅಂದರು ಅಂತ ಓದಿದಾಗ ಕಾಗದ ಕೆಳಗಿಟ್ಟುಬಿಟ್ಟೆ. ಅವರು ಅನ್ನಬೇಕಾಗಿದ್ದು ನನಗೆ.

ನಿಮ್ಮಲ್ಲಿ ಕಲಿತು ಈ ತಪ್ಪು ಮಾಡಿದೆ. ಕ್ಷಮಿಸಿರಿ ಅಂತ ಕೇಳಲು ಮುಖ ಇಲ್ಲ, ಆದರೂ ಕೇಳುತ್ತಿದ್ದೇನೆ.

ಶ್ರೀಶೈಲ್

*

ಆಸ್ಟಿನ್
17 ಏಪ್ರಿಲ್ 2025, ಮಧ್ಯಾಹ್ನ

ಶ್ರೀ ಶ್ರೀಶೈಲ್ ಬೆಳವಡಿ ಅವರಿಗೆ,

ನೀವು ಆ ಒಂದು ಸಾಲು ಕಳಿಸಲಿಲ್ಲ. 16ರ ಬೆಳಿಗ್ಗೆ ಹೊರಡುವವರೆಗೂ ಟಪಾಲು ಪೆಟ್ಟಿಗೆ ನೋಡಿದೆ. ಪರವಾಗಿಲ್ಲ, ಹೆದರಿದ್ದಾನೆ ಅಂದುಕೊಂಡು ನಾನೇ ಡ್ರೈವ್ ಮಾಡಿಕೊಂಡು ಬಂದೆ. ದಾರಿಯುದ್ದಕ್ಕೂ ನಿಮ್ಮ ಪರವಾಗಿಯೇ ಯೋಚನೆ ಮಾಡುತ್ತಿದ್ದೆ: ಸಾಲ ಮಾಡಿ ಮನೆ ತೆಗೆದುಕೊಂಡಿದ್ದಾನೆ, ಮಕ್ಕಳು ಸಣ್ಣವು, ಕಂಪನಿಯವರು ಏನೆಂದಾರೋ ಪಾಪ ಅಂತ.

ಈಗ ವಿಚಾರಣೆ ಮುಗಿಸಿ ಎದುರಿನ ಕಾಫಿ ಅಂಗಡಿಯಲ್ಲಿ ಕೂತು ಬರೆಯುತ್ತಿದ್ದೇನೆ. ಟೇಬಲ್ಲು ಅಲುಗಾಡುತ್ತದೆ. ಅಕ್ಷರ ಕೆಟ್ಟರೆ ಹೊಂದಿಸಿಕೊಳ್ಳಿ.

ಮೂವರು ಇದ್ದರು. ಅಧ್ಯಕ್ಷೆ ಎತ್ತರದ ಹೆಂಗಸು, ಕನ್ನಡಕ ದಾರದಲ್ಲಿ ತೂಗಿ ಹಾಕಿಕೊಂಡಿದ್ದಳು. ನಾನು ಎರಡೂ ಕಾಯ್ದೆಗಳ ಮೊದಲ ಪುಟದ ಪ್ರತಿ ಅವರ ಮುಂದೆ ಇಟ್ಟು ತಾರೀಕಿನ ಕೆಳಗೆ ಬೆರಳಿಟ್ಟೆ. ಆಕೆ ಓದಿದಳು. ಪೂರ್ತಿ ಓದಿದಳು. ಮೂರು ನಿಮಿಷ ಹಿಡಿದಿರಬಹುದು. ಮೂರು ವರ್ಷದಲ್ಲಿ ಯಾರೂ ಮಾಡದ ಕೆಲಸ ಅದು. ‘ನೀವು ಹೇಳುವುದು ಸರಿ’ ಅಂದಳು.

ನನಗೆ ಅಷ್ಟೇ ಸಾಕಿತ್ತು. ಏಳುವವಳಿದ್ದೆ. ಆಕೆ ಒಂದು ಫೈಲು ತೆರೆದು, ‘ಈ ದೂರು ಹೊಸದಲ್ಲ’ ಅಂದಳು. 2023ರ ಏಪ್ರಿಲ್‌ನಲ್ಲಿ ಲಬಕ್ ಹತ್ತಿರದ ಒಂದು ಹಳ್ಳಿ ಶಾಲೆಯ ಮಾಸ್ತರರು ಇದೇ ಪ್ರಶ್ನೆಯ ಮೇಲೆ, ಇದೇ ಕಾಯ್ದೆಗಳ ಪುಟ ಲಗತ್ತಿಸಿ ಬರೆದಿದ್ದರು. ಸಮಿತಿ ಅದನ್ನು ಪ್ರಶ್ನೆ ತಯಾರಿಸಿದ ಕಂಪನಿಗೆ ಕಳಿಸಿತ್ತು. ಕಂಪನಿಯ ಉತ್ತರ ಎರಡೇ ಸಾಲು: ‘ರೂಢಿಯಲ್ಲಿ ಎರಡೂ ಕಾಯ್ದೆಗಳಿಗೆ ಇದೇ ಹೆಸರಿದೆ. ಬದಲಾವಣೆ ಅಗತ್ಯವಿಲ್ಲ.’

‘ರೂಢಿ’ ಎಂಬ ಶಬ್ದವನ್ನು ಮತ್ತೊಮ್ಮೆ ಓದಿದೆ. ಆ ಶಬ್ದ ಹತ್ತು ದಿನದ ಹಿಂದೆ ನಿಮ್ಮ ಪತ್ರದಲ್ಲಿ ಓದಿದ್ದೆ. ಕೆಳಗೆ ಸಹಿ ನೋಡಿದೆ. ಪ್ರಶ್ನೆ ಬರೆದವರು: ಎಸ್. ಬೆಳವಡಿ. ಉತ್ತರ ಕೊಟ್ಟವರು: ಎಸ್. ಬೆಳವಡಿ.

ಅಧ್ಯಕ್ಷೆ ನನ್ನ ಮುಖ ನೋಡಿ ಕೇಳಿದಳು, ‘ಇವರು ನಿಮಗೆ ಗೊತ್ತಾ?’

‘ನನ್ನ ಹತ್ತಿರವೇ ಕಲಿತವರು’ ಅಂದೆ.

ಆಕೆ ಎದ್ದು ನನಗೆ ಒಂದು ಲೋಟ ನೀರು ಕೊಟ್ಟಳು. ಹ್ಯೂಸ್ಟನ್‌ನ ಹಾಲ್‌ನಲ್ಲಿ ಜನ ನಕ್ಕಾಗ ನಾನು ಅಲ್ಲಿರಲಿಲ್ಲ. ಇವತ್ತು ಇದ್ದೆ. ಇಲ್ಲಿ ಯಾರೂ ನಗಲಿಲ್ಲ, ಅದು ಇನ್ನೂ ಕಷ್ಟ.

ಯಾರ ತಪ್ಪು ಅಂತ ಹುಡುಕಿ ಕೊಡು ಎಂದು ನಾನು ಬೇಡಿದ್ದು ನಿಮ್ಮನ್ನು. ನೀವು ನನ್ನನ್ನು ಹೂ ನೋಡಲು ಕರೆದಿರಿ.

ಕೃಷ್ಣವೇಣಿ

*

ಮಿಸೌರಿ ಸಿಟಿ
19 ಏಪ್ರಿಲ್ 2025

ಶ್ರೀ ಬೆಳವಡಿ ಅವರಿಗೆ,

ಮನೆಗೆ ಬಂದಾಗ ನಿಮ್ಮ 14ನೇ ತಾರೀಕಿನ ಪತ್ರ ಪೆಟ್ಟಿಗೆಯಲ್ಲಿ ಇತ್ತು. ನಾನು ಹೊರಟ ಮೇಲೆ ಬಂದಿದೆ.

ಒಡೆದು ಓದಿದೆ. ಮೊದಲ ಅರ್ಧ ಓದುವಾಗ ಕಣ್ಣು ತುಂಬಿತು. ಆಸ್ಟಿನ್‌ನಿಂದ ಅವಸರಪಟ್ಟು ಕಟುವಾಗಿ ಬರೆದೆನಲ್ಲ, ಇವನು ತಾನಾಗಿ ಒಪ್ಪಿಕೊಂಡಿದ್ದಾನಲ್ಲ ಅನ್ನಿಸಿತು.

ಆಮೇಲೆ ಆ ಸಾಲಿಗೆ ಬಂದೆ. ‘ನನಗೆ ಗೊತ್ತಿರಲಿಲ್ಲ. ನಿಮ್ಮ ಮೊದಲ ಪತ್ರ ಓದಿದಾಗಲೇ ಗೊತ್ತಾಗಿದ್ದು.’

ನಿಮಗೆ ಎರಡು ವರ್ಷದ ಹಿಂದೆಯೇ ಗೊತ್ತಿತ್ತು. ಒಬ್ಬ ಮಾಸ್ತರರು ಪುಟ ಲಗತ್ತಿಸಿ ಹೇಳಿದ್ದರು. ಅವರಿಗೆ ಕೊಟ್ಟ ಉತ್ತರದ ಕೆಳಗೆ ನಿಮ್ಮ ಸಹಿ ನಾನು ನೋಡಿದ್ದೇನೆ. ಕ್ಷಮೆ ಕೇಳುವ ಪತ್ರದಲ್ಲೂ ಸುಳ್ಳು ಹೇಳಬೇಕಿತ್ತೇ? ಇಸವಿ ತಪ್ಪಿದ್ದನ್ನು ಅಜ್ಞಾನ ಅಂತ ಬಿಡಬಹುದು. ನನ್ನ ಕಾಲೇಜಿನಲ್ಲಿ ಎಷ್ಟೋ ಜನ ತಪ್ಪಿದ್ದಾರೆ, ನಾನೂ ಬೋರ್ಡಿನ ಮೇಲೆ ತಪ್ಪು ಬರೆದು ಅಳಿಸಿದ್ದೇನೆ. ಇದು ಅದಲ್ಲ.

ಇನ್ನು ಬರೆಯುವುದಿದ್ದರೆ ನಿಜ ಬರೆಯಿರಿ. ಇಲ್ಲದಿದ್ದರೆ ಅಂಚೆ ಚೀಟಿ ಉಳಿಸಿ.

ಕೃಷ್ಣವೇಣಿ

*

ಲೂಯಿಸ್‌ವಿಲ್
4 ಮೇ 2025

ಮೇಡಂ,

ಹದಿನೈದು ದಿನ ಬರೆಯಲಿಲ್ಲ. ಮೊದಲು ಮಾಡಬೇಕಾದ್ದನ್ನು ಮಾಡಿ ಆಮೇಲೆ ಬರೆಯೋಣ ಅಂತ.

ನಿಜ ಇದು. 2023ರಲ್ಲಿ ಆ ಮಾಸ್ತರರ ದೂರು ನನ್ನ ಟೇಬಲ್ಲಿಗೆ ಬಂತು. ಓದಿದ ಹತ್ತನೇ ನಿಮಿಷಕ್ಕೆ ಅವರು ಹೇಳಿದ್ದು ಸರಿ ಅಂತ ನನಗೆ ತಿಳಿಯಿತು. ಅದೇ ವಾರ ನನ್ನನ್ನು ತಂಡದ ಮುಖ್ಯಸ್ಥನನ್ನಾಗಿ ಮಾಡುವ ಮಾತು ನಡೆದಿತ್ತು. ತಪ್ಪು ಅಂತ ಒಪ್ಪಿದರೆ ಆ ಕಟ್ಟಿನ ಇನ್ನೂರು ಪ್ರಶ್ನೆಗಳನ್ನೂ ಮರುಪರಿಶೀಲನೆಗೆ ಹಾಕುತ್ತಾರೆ. ಆಗಲೇ ಮಕ್ಕಳಿಗೆ ಮಾರ್ಕು ಕೊಟ್ಟಾಗಿದೆ, ಯಾರಿಗೆ ಏನು ನಷ್ಟ ಅಂದುಕೊಂಡೆ. ಎರಡು ಸಾಲು ಬರೆದು ಮುಚ್ಚಿದೆ. ಮುಖ್ಯಸ್ಥ ಆದೆ. ಅದೇ ಪ್ರಶ್ನೆ 2024ಕ್ಕೂ ಹೋಯಿತು, 2025ಕ್ಕೂ ಹೋಯಿತು. ಹೋಗುತ್ತಿದೆ ಅಂತ ನನಗೆ ಗೊತ್ತಿತ್ತು. ತೆಗೆದರೆ ಯಾಕೆ ತೆಗೆದೆ ಅಂತ ಕೇಳುತ್ತಾರೆ, ಅದಕ್ಕೇ ತೆಗೆಯಲಿಲ್ಲ.

ಏಪ್ರಿಲ್ 14ರಂದು ನಿಮಗೆ ಬರೆಯುವಾಗಲೂ ಅಷ್ಟನ್ನು ಬಚ್ಚಿಟ್ಟೆ. ತಪ್ಪು ಮಾಡಿದವನು ಅಂತ ನೀವು ತಿಳಿದರೆ ತಡೆದುಕೊಳ್ಳಬಹುದು, ಗೊತ್ತಿದ್ದೂ ಮಾಡಿದವನು ಅಂತ ತಿಳಿದರೆ ಆಗುವುದಿಲ್ಲ ಅನ್ನಿಸಿತು.

ಏಪ್ರಿಲ್ 24ರಂದು ಮ್ಯಾನೇಜರ್‌ಗೆ ಎಲ್ಲ ಹೇಳಿದೆ. ಹಳೆಯ ಉತ್ತರ ಪತ್ರಿಕೆಗಳ ದಾಖಲೆ ತೆಗೆಸಿದೆವು. ಮೂರು ವರ್ಷದಲ್ಲಿ ರಾಜ್ಯದ ಎಲ್ಲ ವಲಯ ಸೇರಿ ಸಿ ಎಂದು ಸರಿಯಾಗಿ ಬರೆದು ತಪ್ಪು ಅನ್ನಿಸಿಕೊಂಡ ಮಕ್ಕಳು ಇನ್ನೂರ ಹದಿನಾಲ್ಕು. ಆ ಹೆಸರುಗಳ ಪಟ್ಟಿಯನ್ನೂ, ನನ್ನ ಸಹಿ ಮಾಡಿದ ಹೇಳಿಕೆಯನ್ನೂ ಆಸ್ಟಿನ್‌ಗೆ ಕಳಿಸಿದ್ದೇನೆ. ನೀವು ಕೇಳಿದ್ದ ಸಾಲು ಅದರಲ್ಲಿ ಮೊದಲನೆಯದು. 2023ರಲ್ಲೇ ನನಗೆ ಗೊತ್ತಿತ್ತು ಅನ್ನುವುದು ಎರಡನೆಯದು.

ನನ್ನನ್ನು ಮುಖ್ಯಸ್ಥನ ಸ್ಥಾನದಿಂದ ತೆಗೆದಿದ್ದಾರೆ. ನೌಕರಿ ಜೂನ್‌ವರೆಗೆ ಇದೆ ಅಂದಿದ್ದಾರೆ, ಮುಂದಿನದು ಗೊತ್ತಿಲ್ಲ. ಇದನ್ನು ನಿಮ್ಮ ಕನಿಕರಕ್ಕೆ ಬರೆದಿಲ್ಲ. ನಿಜ ಬರೆ ಅಂದಿರಲ್ಲ, ಅದಕ್ಕೆ.

ನಿನ್ನೆ ಆಸ್ಟಿನ್‌ನಲ್ಲಿ ಫೈನಲ್ ಮುಗಿಯಿತು. ನಿಧಿ ಅಲ್ಲಿರಬೇಕಿತ್ತು.

ಶ್ರೀಶೈಲ್

*

ಮಿಸೌರಿ ಸಿಟಿ
19 ಮೇ 2025

ಶ್ರೀಶೈಲ್,

ನೀವು, ನಿಮ್ಮ ಅಂತ ಬರೆದು ಬರೆದು ನನಗೆ ಸಾಕಾಯಿತು. ಸಿಟ್ಟು ಹೋಗಿದೆ ಅಂತ ತಿಳಿಯಬೇಡ. ‘ನೀನು’ ಅನ್ನುತ್ತಲೇ ಸಿಟ್ಟು ಮಾಡುವುದು ನನಗೆ ಸಲೀಸು.

ಸಮಿತಿ ಮತ್ತೆ ಸೇರಿದ್ದೇ ಫೈನಲ್ ಮುಗಿದ ಮೇಲೆ, ಅದರ ತೀರ್ಮಾನ ಈಗ ಬಂತು. ಉತ್ತರಪಟ್ಟಿ ತಪ್ಪು. ಇನ್ನೂರ ಹದಿನಾಲ್ಕು ಮಕ್ಕಳ ಮನೆಗೂ ಪತ್ರ ಹೋಗುತ್ತದೆ. ನಿಧಿಯ ಮನೆಗೆ ಮೊದಲೇ ಬಂದಿತ್ತು. ಮಹಾಂತಪ್ಪನವರು ಅದನ್ನು ಹಿಡಿದುಕೊಂಡು ಶುಕ್ರವಾರ ಸಂಜೆ ಬಂದರು. ಈ ಸಲ ಚಪ್ಪಲಿ ಬಿಟ್ಟರು. ‘ಮೇಡಂರಿ, ನಾ ಆವತ್ತ ಅಂದಿದ್ದು…’ ಅಂತ ಶುರು ಮಾಡಿದರು. ‘ನೀವು ನನ್ನ ಮಾತು ಕೇಳಲಿಲ್ಲ. ಅಮೆರಿಕದವರು ಲೆಟರ್‌ಹೆಡ್ ಮೇಲೆ ಬರೆದರೆ ಕೇಳಿದಿರಿ’ ಅಂದೆ. ತಲೆ ತಗ್ಗಿಸಿ ಕೂತರು. ಪಾಪ ಅನ್ನಿಸಿತು, ಆದರೆ ಅಂದದ್ದು ಅಂದೆ. ಎರಡು ತಿಂಗಳು ನುಂಗಿಕೊಂಡಿದ್ದ ಮಾತು.

ನಿಧಿ ಹಿಂದೆಯೇ ನಿಂತಿದ್ದಳು. ‘ಆಂಟಿ, ನಾನೂ ನಿಮ್ಮನ್ನ ನಂಬಲಿಲ್ಲ’ ಅಂತ ಕನ್ನಡದಲ್ಲೇ ಹೇಳಿದಳು. ಎರಡು ವರ್ಷದಲ್ಲಿ ಆಕೆ ನನ್ನ ಹತ್ತಿರ ಪೂರ್ತಿ ಕನ್ನಡದಲ್ಲಿ ಆಡಿದ ಮೊದಲ ಮಾತು ಇದು. ನನಗೆ ಸಿಟ್ಟು ಮಾಡಲಿಕ್ಕೆ ಆಗಲಿಲ್ಲ.

ಕಷ್ಟದ್ದು ಇನ್ನೊಂದಿದೆ. ಮಾರ್ಕು ತಿದ್ದಿದರೆ ನಿಧಿ ಎರಡನೆಯವಳು. ಎರಡನೆಯವಳಾಗಿ ಫೈನಲ್‌ಗೆ ಹೋದ ಹುಡುಗಿ ಎ ಬರೆದಿದ್ದಳು, ಆಕೆ ಮೂರನೆಯವಳಾಗುತ್ತಾಳೆ. ಫೈನಲ್‌ನಲ್ಲಿ ಆಕೆಗೆ ಐದನೇ ಸ್ಥಾನ ಬಂದಿದೆ. ಹಳೆಯ ಪಟ್ಟಿ ತಿದ್ದಿ ಆ ಹುಡುಗಿಯ ಹೆಸರು ತೆಗೆಯಬೇಕೇ ಅಂತ ಅಧ್ಯಕ್ಷೆ ಫೋನ್ ಮಾಡಿ ಕೇಳಿದಳು. ಮಹಾಂತಪ್ಪನವರು ‘ತೆಗೀರಿ ಅನ್ರಿ’ ಅಂದರು. ನಿಧಿ ಒಪ್ಪಲಿಲ್ಲ. ‘ಅವಳು ಓದಿದ ಪುಸ್ತಕದಲ್ಲಿ ಹಾಗೇ ಇತ್ತು. ಅವಳೇನು ಮಾಡಿದಳು?’ ಅಂತ ಇಂಗ್ಲಿಷಿನಲ್ಲಿ ಅಪ್ಪನ ಮೇಲೆ ರೇಗಿದಳು. ಆ ಹೆಸರು ಉಳಿಯಿತು. ನನ್ನ ಹುಡುಗಿಗೆ ಸಿಕ್ಕಿದ್ದು ಒಂದು ಕಾಗದ, ಅಷ್ಟೆ. ಇದನ್ನು ನೆನೆದಾಗಲೆಲ್ಲ ನಿನ್ನ ಆ ಎರಡು ಸಾಲು ನೆನಪಾಗುತ್ತದೆ.

ಪ್ರಶ್ನೆ ಬರೆದವನನ್ನು ನೋಡಬೇಕು ಅನ್ನುತ್ತಿದ್ದಾಳೆ. 31ನೇ ತಾರೀಕು ಶನಿವಾರ ಬಾ. ಮಧ್ಯಾಹ್ನದ ಊಟ ಇಲ್ಲೇ. ಸ್ವೀಟು ಗೀಟು ತರಬೇಡ.

ಕೃಷ್ಣವೇಣಿ

*

ಲೂಯಿಸ್‌ವಿಲ್
23 ಜೂನ್ 2025

ಪೂಜ್ಯ ಮೇಡಂ ಅವರಿಗೆ ನಮಸ್ಕಾರಗಳು.

31ರಂದು ಊಟಕ್ಕೆ ಬಂದಾಗ, ನೀವು ಅಡುಗೆಮನೆಯಲ್ಲಿ ಒಗ್ಗರಣೆ ಹಾಕುತ್ತಿದ್ದಾಗ ನಿಧಿ ನನ್ನನ್ನು ಏನು ಕೇಳಿದಳು ಅಂತ ನೀವು ಆಮೇಲೆ ವಿಚಾರಿಸಿದಿರಿ. ನಾನು ಹೇಳದೆ ಹೊರಟುಬಿಟ್ಟೆ. ಈಗ ಹೇಳುತ್ತೇನೆ.

ನನ್ನ ಎದುರಿಗೆ ಕೂತು ನೇರವಾಗಿ ಕೇಳಿದಳು, ‘ನಿಮಗೆ ಗೊತ್ತಿತ್ತಾ, ಇಲ್ಲವಾ?’ ಗೊತ್ತಿತ್ತು ಅಂದೆ. ಬೈಯುತ್ತಾಳೆ ಅಂತ ಕಾದೆ. ಬೈಯಲಿಲ್ಲ. ‘ಆ ಲಬಕ್ ಟೀಚರ್‌ಗೆ ಸಾರಿ ಹೇಳಿದಿರಾ?’ ಅಂತ ಕೇಳಿದಳು.

ಮೇಡಂ, ನಿಮಗೆ ಬರೆದೆ, ಆಸ್ಟಿನ್‌ಗೆ ಬರೆದೆ, ಮ್ಯಾನೇಜರ್‌ಗೆ ಹೇಳಿದೆ. ಇನ್ನೂರ ಹದಿನಾಲ್ಕು ಹೆಸರು ಎಣಿಸಿದೆ. ಆ ಮಾಸ್ತರರು ನನ್ನ ತಲೆಗೆ ಬಂದಿರಲೇ ಇಲ್ಲ. ಎಲ್ಲರಿಗಿಂತ ಮೊದಲು ಹೇಳಿದವರು ಅವರು. ಇಲ್ಲ ಅಂತ ತಲೆ ಆಡಿಸಿದೆ. ಆ ಹುಡುಗಿ ಎದ್ದು ನಿಮ್ಮ ಟೇಬಲ್ಲಿನ ಮೇಲಿದ್ದ ಕಾಗದದ ಪ್ಯಾಡು ತಂದು ನನ್ನ ಮುಂದೆ ಇಟ್ಟಳು. ನೀವು ಸಾರು ತರುವಷ್ಟರಲ್ಲಿ ನಾನು ಬರೆಯುತ್ತಿದ್ದದ್ದು ಅದನ್ನೇ. ಮನೆಗೆ ಬಂದು ವಿಳಾಸ ಹುಡುಕಿ ಹಾಕಿದೆ.

ಹತ್ತು-ಹನ್ನೆರಡು ದಿನದ ಹಿಂದೆ ಅವರ ಉತ್ತರ ಬಂತು. ಅವರು ಈಗ ನಿವೃತ್ತರು. ಟೈಪ್ ಮಾಡಿದ ಅರ್ಧ ಪುಟ. ನಿಮಗಾಗಿ ಕನ್ನಡದಲ್ಲಿ ಬರೆಯುತ್ತೇನೆ:

‘ನಿಮ್ಮ ಪತ್ರ ಸಿಕ್ಕಿತು. 2023ರಲ್ಲಿ ನಿಮ್ಮ ಉತ್ತರ ಬಂದ ಮರುದಿನ ನಾನು ನನ್ನ ತರಗತಿಯ ಮುಂದೆ ನಿಂತು, ಮಕ್ಕಳೇ, ನಾನು ನಿಮಗೆ ತಪ್ಪು ಕಲಿಸಿದ್ದೆ, ದೊಡ್ಡ ಕಂಪನಿಯ ತಜ್ಞರು ಹೀಗೆ ಹೇಳುತ್ತಾರೆ ಅಂತ ಹೇಳಿದೆ. ಇಪ್ಪತ್ತಾರು ಮಕ್ಕಳು ನೋಟ್‌ಬುಕ್ಕಿನಲ್ಲಿ ನನ್ನ ಮಾತು ಹೊಡೆದುಹಾಕಿ ನಿಮ್ಮದನ್ನು ಬರೆದುಕೊಂಡರು. ನಾನು ಮೂವತ್ತೊಂದು ವರ್ಷ ಪಾಠ ಹೇಳಿದವನು. ಆ ದಿನದ ಮೇಲೆ ಮೊದಲಿನಂತೆ ಧೈರ್ಯವಾಗಿ ಹೇಳಲು ಆಗಲಿಲ್ಲ. ನನ್ನಲ್ಲಿ ನೀವು ಕ್ಷಮೆ ಕೇಳಿದಿರಿ, ಸಂತೋಷ. ಆ ಇಪ್ಪತ್ತಾರು ಮಕ್ಕಳಿಗೆ ಯಾರು ಹೇಳುತ್ತಾರೆ?’

ಇದನ್ನು ಎರಡು ಸಲ ಓದಿದೆ. ಹೆಂಡತಿ ರಂಜನಿ ಏನಾಯಿತು ಅಂತ ಕೇಳಿದಳು. ಆಕೆಯ ಕೈಗೆ ಆ ಕಾಗದ ಕೊಟ್ಟೆ. ಓದಿ ವಾಪಸು ಕೊಟ್ಟಳು.

ನಾನು ಹೇಳುತ್ತೇನೆ ಅಂತ ಅವರಿಗೆ ಬರೆದೆ. ಆ ಮಕ್ಕಳು ಈಗ ಕಾಲೇಜು, ನೌಕರಿ ಅಂತ ಎಲ್ಲೆಲ್ಲೋ ಇದ್ದಾರೆ. ಮಾಸ್ತರರು ಒಬ್ಬೊಬ್ಬರನ್ನೇ ಕೇಳಿ, ಒಪ್ಪಿದ ಒಂಬತ್ತು ಜನರ ವಿಳಾಸ ಕಳಿಸಿದ್ದಾರೆ. ಮಿಕ್ಕವರದು ಸಿಕ್ಕ ಹಾಗೆ ಕಳಿಸುತ್ತಾರಂತೆ. ನನ್ನ ನೌಕರಿ ಈ ವಾರ ಮುಗಿಯುತ್ತದೆ, ವೇಳೆ ಇದೆ. ಕೈಯಲ್ಲೇ ಬರೆಯುತ್ತಿದ್ದೇನೆ. ಇವತ್ತು ನಾಲ್ಕು ಪತ್ರ ಹಾಕಿದೆ.

ಎರಡು ಕಾಯ್ದೆಗಳ ವಿಷಯ, ತಾರೀಕು, ನನ್ನ ಹೆಸರು, ನಾನು ಮಾಡಿದ್ದು, ಎಲ್ಲ ಬರೆದಿದ್ದೇನೆ. ಆದರೆ ಅದೆಲ್ಲ ಕೆಳಗೆ. ನಾಲ್ಕೂ ಪತ್ರಗಳ ಮೊದಲ ಸಾಲು ಒಂದೇ ಇದೆ:

‘ನಿಮ್ಮ ಮಾಸ್ತರರು ಮೊದಲು ಹೇಳಿದ್ದೇ ಸರಿ.’

ಶ್ರೀಶೈಲ್